ನೆಲಮಾಳಿಗೆಯಿಂದ ಎದ್ದ ಹಾಡು

ಎರಡನೇ ಮಹಾಯುದ್ಧ ಮುಗಿದ ಮೇಲೂ ಪ್ಯಾರಿಸ್‌ನಲ್ಲಿ ಪಡಿತರ ಚೀಟಿ 1949ರವರೆಗೆ ಉಳಿದಿತ್ತು. ಅಂಥ ಬಡತನದಲ್ಲೂ ಸೇನ್ ನದಿಯ ಎಡದಂಡೆಯ ಹಳೆಯ ಕಟ್ಟಡಗಳ ನೆಲಮಾಳಿಗೆಗಳಲ್ಲಿ ರಾತ್ರಿಯಿಡೀ ದೀಪ ಉರಿಯುತ್ತಿತ್ತು. ನಮ್ಮ ಸಿನಿಮಾಗಳು ತೋರಿಸಿದ ಕುಣಿತದ ಕ್ಯಾಬರೆ ಇದಲ್ಲ. ಇಲ್ಲಿ ಜನ ಬರುತ್ತಿದ್ದದ್ದು ಹಾಡಿನ ಮಾತು ಕೇಳಲು.

ಅಂಥದ್ದೊಂದು ನೆಲಮಾಳಿಗೆ, ದೋಫಿನ್ ಬೀದಿಯ ‘ತಾಬು’, 1947ರಲ್ಲಿ ಶುರುವಾಯಿತು. ಕಾದಂಬರಿಕಾರ ಬೋರಿಸ್ ವಿಯಾನ್ ಅಲ್ಲಿ ಟ್ರಂಪೆಟ್ ಊದುತ್ತಿದ್ದರು. ಕಪ್ಪುಡುಗೆಯ ಜೂಲಿಯೆಟ್ ಗ್ರೆಕೊ ಹೆಸರಾದದ್ದೂ ಅಲ್ಲೇ. ಹದಿಹರೆಯದಲ್ಲೇ ಗೆಸ್ಟಾಪೊ ಬಂಧನ ಕಂಡಿದ್ದ ಹುಡುಗಿ ಆಕೆ. ತಾಯಿ ಮತ್ತು ಅಕ್ಕ ನಾಜಿಗಳ ರಾವೆನ್ಸ್‌ಬ್ರುಕ್ ಶಿಬಿರದಿಂದ ಬದುಕಿ ಬಂದಿದ್ದರು. 1949ರಲ್ಲಿ ಹಾಡತೊಡಗಿದಾಗ ಅವರು ಹಿಡಿದದ್ದು ಕವಿತೆಗಳನ್ನು. ದಾರ್ಶನಿಕ ಸಾರ್ತ್ರ್ ಬೆನ್ನಿಗೆ ನಿಂತರು, ರೇಮೋನ್ ಕೆನೋ ಪದ್ಯಕ್ಕೆ ಜೋಸೆಫ್ ಕೋಸ್ಮಾ ರಾಗ ಹಾಕಿದರು.

ಫ್ರೆಂಚ್ ಹಾಡಿಗೆ ಆ ಕಾಲದಲ್ಲಿ ಬಂದ ಸಾಹಿತ್ಯದ ತೂಕಕ್ಕೆ ಈ ಜಾಗಗಳ ಇಕ್ಕಟ್ಟೇ ದೊಡ್ಡ ಕಾರಣವೆಂದು ನಾನು ನಂಬುತ್ತೇನೆ. 1951ರಲ್ಲಿ ನದಿಯಂಚಿನಲ್ಲಿ ತೆರೆದ ‘ಲೆಕ್ಲೂಸ್’ ಮೊದಲು ದೋಣಿ ಕಾರ್ಮಿಕರು ಕುಡಿಯಲು ಬರುತ್ತಿದ್ದ ಅಂಗಡಿ. ಅಲ್ಲಿನ ರಂಗದಲ್ಲಿ ಪಿಯಾನೋ ಇಟ್ಟರೆ ವಾದ್ಯವೃಂದಕ್ಕೆ ಎಡೆಯೇ ಇಲ್ಲ. ಎದುರು ಕೂತವರ ಮುಖ ಕೈಗೆಟಕುವಷ್ಟು ಹತ್ತಿರ. ಸಡಿಲವಾದ ಒಂದು ಸಾಲನ್ನೂ ಅಲ್ಲಿ ಬಚ್ಚಿಡಲಾಗದು. 1950ರ ದಶಕದ ಕೊನೆಗೆ ಗಾಯಕಿ ಬಾರ್ಬರಾ ನಡುರಾತ್ರಿ ಆ ಪಿಯಾನೋ ಮುಂದೆ ಕೂತು ತಮ್ಮ ಕಲೆಯನ್ನು ಹದಗೊಳಿಸಿಕೊಂಡರು. ಒಂದು ಕಡೆಯ ಸಂಬಳ ಸಾಲದ್ದರಿಂದ ಗಾಯಕರು ಒಂದೇ ರಾತ್ರಿ ಮೂರು ನಾಲ್ಕು ಕಡೆ ಓಡುತ್ತಿದ್ದರು.

ನದಿಯ ಆಚೆ, ಮೊಂಮಾರ್ತ್ರ್ ಗುಡ್ಡದಲ್ಲಿ ಗಾಯಕಿ ಪಟಾಶು ನಡೆಸುತ್ತಿದ್ದ ಊಟದ ಮನೆಯಿತ್ತು. ಜೊತೆಗೆ ಹಾಡದ ಗಿರಾಕಿಯ ಟೈ ಕತ್ತರಿಸಿಬಿಡುವುದು ಆಕೆಯ ರೂಢಿ! 1952ರಲ್ಲಿ ಜಾರ್ಜ್ ಬ್ರಾಸಾನ್ಸ್ ತಮ್ಮ ಹಾಡುಗಳನ್ನು ಬೇರೆಯವರಿಗೆ ಕೊಡಲೆಂದು ಅಲ್ಲಿಗೆ ಬಂದರು. ಮೈತುಂಬ ಸಂಕೋಚದ ಆ ಮನುಷ್ಯನನ್ನು ಪಟಾಶು ತಾನೇ ಹಾಡುವಂತೆ ರಂಗಕ್ಕೆ ನೂಕಿದರು. ಬ್ರಾಸಾನ್ಸ್ ಹಾಡಿದ್ದನ್ನು ಜಾಕ್ ಕಾನೆಟ್ಟಿ ಕೇಳಿದರು. ಕಾನೆಟ್ಟಿ ಒಂದು ಕೈಯಲ್ಲಿ ರೆಕಾರ್ಡ್ ಕಂಪನಿಯ ಕೆಲಸ, ಇನ್ನೊಂದರಲ್ಲಿ 1947ರಲ್ಲಿ ತೆರೆದ ‘ತ್ರುವಾ ಬೋದೆ’ ರಂಗಮಂದಿರ ನಡೆಸುತ್ತಿದ್ದವರು. ನೊಬೆಲ್ ಪಡೆದ ಲೇಖಕ ಎಲಿಯಾಸ್ ಕಾನೆಟ್ಟಿಯ ತಮ್ಮ. ಬೆಲ್ಜಿಯಂನಿಂದ ಗಾಯಕ ಜಾಕ್ ಬ್ರೆಲ್‌ರನ್ನು ಕರೆಸಿದವರೂ ಅವರೇ. ರೇಡಿಯೋ ಬಹಿಷ್ಕರಿಸಿದ ಹಾಡುಗಳಿಗೂ, ಬ್ರಾಸಾನ್ಸ್‌ರ ‘ಗೊರಿಲ್ಲಾ’ದಂಥವಕ್ಕೂ, ಇಂಥ ಕಡೆ ಕಿವಿಗಳಿದ್ದವು.

1960ರ ದಶಕದಲ್ಲಿ ಟೆಲಿವಿಷನ್ ಮನೆಮನೆಗೆ ಹಬ್ಬಿತು, ಎಲೆಕ್ಟ್ರಿಕ್ ಗಿಟಾರಿನ ಹೊಸ ಅಲೆ ಬಂತು. ನೆಲಮಾಳಿಗೆಗಳು ಒಂದೊಂದಾಗಿ ಮುಚ್ಚಿದವು. ‘ತ್ರುವಾ ಬೋದೆ’ ಮಾತ್ರ 2009ರಲ್ಲಿ ಮತ್ತೆ ತೆರೆದು, ಫ್ರೆಂಚ್‌ನಲ್ಲಿ ಹಾಡು ಕಟ್ಟುವ ಹೊಸಬರಿಗೆ ರಂಗ ಕೊಡುತ್ತ ಬಂದಿದೆ.