ತೊಳೆದರೂ ಹೋಗದ ನೀರು: ಬಾಲ್ಟಿಕ್ ತೀರದ ಧರ್ಮಯುದ್ಧ ನಡೆದ ಬಗೆ

ಇಂದಿನ ಲಾಟ್ವಿಯಾ ದೇಶದಲ್ಲಿ ಹರಿದು ಬಾಲ್ಟಿಕ್ ಸಮುದ್ರ ಸೇರುವ ನದಿ ದೌಗಾವ. 1180ರ ದಶಕದಲ್ಲಿ ಮೈನ್‌ಹಾರ್ಡ್ ಎಂಬ ವಯಸ್ಸಾದ ಜರ್ಮನ್ ಪಾದ್ರಿ ವ್ಯಾಪಾರಿಗಳ ಹಡಗು ಹತ್ತಿ, ಈ ನದಿಯ ದಂಡೆಯ ಇಕ್‌ಶ್ಕಿಲೆ ಎಂಬ ಊರಿಗೆ ಬಂದ. ಅಲ್ಲಿದ್ದವರು ಲಿವ್ ಜನ. ಒಂದು ಚಳಿಗಾಲ ಲಿಥುವೇನಿಯನ್ನರು ನುಗ್ಗಿ ಆ ಭಾಗವನ್ನು ದೋಚಿದಾಗ ಊರಿನವರ ಜೊತೆ ಪಾದ್ರಿಯೂ ಕಾಡಿನಲ್ಲಿ ಅಡಗಿ ಜೀವ ಉಳಿಸಿಕೊಂಡ. ದಾಳಿಕೋರರು ಹೋದ ಮೇಲೆ ಆತ ಊರಿನವರ ಮುಂದೆ ಒಂದು ಕರಾರು ಇಟ್ಟ. ನೀವು ಜ್ಞಾನಸ್ನಾನ ಪಡೆದು ಕ್ರೈಸ್ತರಾಗಿ, ನಾನು ನಿಮಗೆ ಕಲ್ಲಿನ ಕೋಟೆ ಕಟ್ಟಿಸಿಕೊಡುತ್ತೇನೆ. ಅವರು ಒಪ್ಪಿ ಪ್ರಮಾಣ ಮಾಡಿದರು. ಮರುಬೇಸಿಗೆಯಲ್ಲಿ ಗಾಟ್‌ಲ್ಯಾಂಡ್ ದ್ವೀಪದಿಂದ ಕಲ್ಲುಕುಟಿಗರು ಬಂದಿಳಿದರು.

ಕೋಟೆ ಎದ್ದು ನಿಂತಾಗ ನೆರೆಯ ಸೆಮಿಗಾಲಿಯನ್ನರು ಸುದ್ದಿ ಕೇಳಿ ದೊಡ್ಡ ದೊಡ್ಡ ಹಗ್ಗ ಹೊತ್ತು ಬಂದರಂತೆ. ಗಾರೆ ಹಾಕಿ ಕಲ್ಲು ಕಟ್ಟುವುದು ಅವರಿಗೆ ಗೊತ್ತಿರಲಿಲ್ಲ. ಹಗ್ಗ ಬಿಗಿದು ಎಳೆದರೆ ಇಡೀ ಕೋಟೆ ನದಿಗೆ ಉರುಳುತ್ತದೆ ಎಂದುಕೊಂಡಿದ್ದರು. ಗೋಡೆಯ ಮೇಲಿನ ಬಿಲ್ಲುಗಾರರ ಬಾಣಕ್ಕೆ ಗಾಯಗೊಂಡು ಹಿಂತಿರುಗಿದರು. ಇತ್ತ ಊರಿನವರು ಕೋಟೆ ಕೈಗೆ ಬಂದ ಮೇಲೆ ಕೊಟ್ಟ ಮಾತು ಬಿಟ್ಟರು. ಜ್ಞಾನಸ್ನಾನ ಆಗಿದ್ದವರು ಹಳೆಯ ದೈವಗಳಿಗೆ ಮರಳಿದರು, ಆಗಿರದವರು ಒಲ್ಲೆವೆಂದರು. ಹತ್ತಿರದ ಹೋಲ್ಮ್ ದ್ವೀಪದವರೂ ಇದೇ ಕರಾರಿನಲ್ಲಿ ಕೋಟೆ ಕಟ್ಟಿಸಿಕೊಂಡು ಹೀಗೇ ಮಾಡಿದರು. ಅವರೆಲ್ಲ ದೌಗಾವ ನದಿಗಿಳಿದು ಮೈ ತೊಳೆದರು. ನೀರಿನಿಂದ ಬಂದ ಧರ್ಮವನ್ನು ನೀರಿನಲ್ಲೇ ಬಿಟ್ಟರೆ ಅದು ಜರ್ಮನಿಗೆ ವಾಪಸು ಹೋಗುತ್ತದೆ ಎಂಬುದು ಅವರ ಲೆಕ್ಕ.

ಇದನ್ನೆಲ್ಲ ಬರೆದಿಟ್ಟವನು ಹೆನ್ರಿ ಎಂಬ ಪಾದ್ರಿ. ಅದೇ ನೆಲದಲ್ಲಿ ಬದುಕಿ, ತಾನೂ ನೂರಾರು ಜನರಿಗೆ ಜ್ಞಾನಸ್ನಾನ ಕೊಟ್ಟು, 1220ರ ದಶಕದಲ್ಲಿ ಲಿವೋನಿಯಾ ಎಂದು ಕರೆಯುತ್ತಿದ್ದ ಈ ನೆಲದ ವೃತ್ತಾಂತವನ್ನು ಲ್ಯಾಟಿನ್‌ನಲ್ಲಿ ಬರೆದ. ಗೆದ್ದವರ ಕಡೆಯವನಾದರೂ ಸೋತವರು ಮಾಡಿದ್ದನ್ನು ಮುಚ್ಚಿಡಲಿಲ್ಲ. ಅವನು ಹೇಳುವ ಈ ನದೀಸ್ನಾನವನ್ನು ಕಾಡುಜನರ ಅಮಾಯಕತೆ ಎಂದು ಓದುವುದು ತಪ್ಪು. ಬಾಲ್ಟಿಕ್ ಧರ್ಮಯುದ್ಧದ ಇಡೀ ಯಂತ್ರ ತಿರುಗಿದ್ದು ಇದೇ ಪ್ರಶ್ನೆಯ ಸುತ್ತ: ಒಮ್ಮೆ ಬಿದ್ದ ನೀರನ್ನು ತೊಳೆಯಬಹುದೇ?

ಲಿವ್ ಜನರಿಗೆ ಜ್ಞಾನಸ್ನಾನ ಒಂದು ಒಪ್ಪಂದ. ಕೋಟೆಗಾಗಿ ಇಲ್ಲವೇ ಜೀವ ಉಳಿಯಲಿಕ್ಕಾಗಿ ಮಾಡಿಕೊಂಡದ್ದು, ಎದುರು ಪಕ್ಷದ ಬಲ ಕುಗ್ಗಿದರೆ ಮುರಿಯಬಹುದಾದದ್ದು. ಚರ್ಚಿನ ಕಾನೂನಿಗೆ ಅದು ಅಳಿಸಲಾಗದ ಮುದ್ರೆ. ಯಾರನ್ನೂ ಬಲವಂತವಾಗಿ ಕ್ರೈಸ್ತರನ್ನಾಗಿ ಮಾಡಕೂಡದು ಎಂಬ ನಿಯಮ ಮೊದಲಿನಿಂದಲೂ ಇತ್ತು. ಆದರೆ ಒಮ್ಮೆ ಆದವನು ಹಿಂದೆ ಸರಿದರೆ ಅವನು ಧರ್ಮಭ್ರಷ್ಟ, ಅವನನ್ನು ದಂಡಿಸಿ ಮರಳಿ ತರಬಹುದು. 1201ರಲ್ಲಿ ಮೂರನೇ ಇನ್ನೊಸೆಂಟ್ ಪೋಪ್ ಬರೆದ ಒಂದು ಪತ್ರ ಇದನ್ನು ಇನ್ನಷ್ಟು ಬಿಗಿಮಾಡಿತು. ಕೊನೆಯವರೆಗೂ ಒಲ್ಲೆನೆಂದು ಪ್ರತಿಭಟಿಸಿದವನ ಸ್ನಾನ ಲೆಕ್ಕಕ್ಕಿಲ್ಲ, ಬೆದರಿಕೆಗೆ ಹೆದರಿ ಒಪ್ಪಿಕೊಂಡವನ ಸ್ನಾನ ಮಾತ್ರ ಸಿಂಧು. ಸುತ್ತ ಊರು ಉರಿಯುತ್ತಿರುವಾಗ ತಲೆ ಬಾಗಿಸಿದವರೆಲ್ಲ ಈ ಎರಡನೆಯ ಸಾಲಿಗೇ ಬಂದರು. ಹೀಗೆ ಮೊದಲ ದಾಳಿಗೆ ನೆಪ ಬೇಕಾಗುತ್ತಿತ್ತು, ಎರಡನೆಯದಕ್ಕೆ ಕಾನೂನೇ ಸಿಗುತ್ತಿತ್ತು.

ಒಂದು ವರ್ಷದ ಹರಕೆ

ಮೈನ್‌ಹಾರ್ಡ್ 1196ರಲ್ಲಿ ತೀರಿಕೊಂಡ. ನಂತರದ ಬಿಷಪ್ ಬೆರ್ಟೋಲ್ಡ್ ಮೊದಲು ಬರಿಗೈಯಲ್ಲಿ ಬಂದು, ಜೀವಭಯದಿಂದ ಹಿಂತಿರುಗಿ, 1198ರಲ್ಲಿ ಸೈನ್ಯ ಕಟ್ಟಿಕೊಂಡು ಬಂದ. ಕಾಳಗದಲ್ಲಿ ಅವನ ಕುದುರೆ ಓಡುತ್ತಿದ್ದ ಲಿವ್ ಜನರ ನಡುವೆಯೇ ನುಗ್ಗಿತು, ಇಮಾಟ್ ಎಂಬವನ ಈಟಿಗೆ ಬಿಷಪ್ ಬಿದ್ದ. ಸೈನ್ಯ ಹೊಲಗಳನ್ನು ಹಾಳುಗೆಡವಿದ ಮೇಲೆ ಜನ ಜ್ಞಾನಸ್ನಾನಕ್ಕೆ ಒಪ್ಪಿದರು. ಪಾದ್ರಿಗಳ ಜೀವನಕ್ಕೆ ನೇಗಿಲಿಗೊಂದು ಅಳತೆ ಧಾನ್ಯ ಎಂದು ಗೊತ್ತಾಯಿತು. ಹಡಗುಗಳು ಮರೆಯಾದದ್ದೇ ತಡ, ಜನ ಮತ್ತೆ ನದಿಗಿಳಿದರು.

ಮೂರನೆಯವನು ಆಲ್ಬರ್ಟ್. ತೊಡಕಿರುವುದು ಹಡಗುಗಳ ಮರಳುವಿಕೆಯಲ್ಲಿ ಎಂಬುದನ್ನು ಅವನು ಕಂಡುಕೊಂಡ. ಬೇಸಿಗೆಯಲ್ಲಿ ಬಂದ ಸೈನ್ಯ ಚಳಿಗಾಲಕ್ಕೆ ಮುಂಚೆ ಊರಿಗೆ ಹೊರಟರೆ ಗೆದ್ದದ್ದೆಲ್ಲ ಹೋಗುತ್ತದೆ. 1199ರಲ್ಲಿ ಪೋಪ್ ಲಿವೋನಿಯಾಕ್ಕಾಗಿ ಧರ್ಮಯುದ್ಧಕ್ಕೆ ಕರೆ ಕೊಟ್ಟ ಮೇಲೆ ಆಲ್ಬರ್ಟ್ ಉತ್ತರ ಜರ್ಮನಿಯ ಊರೂರು ತಿರುಗಿ, ಶಿಲುಬೆಯ ಹರಕೆ ಹೊತ್ತವರನ್ನು ಕಲೆಹಾಕಿ, 1200ರಲ್ಲಿ 23 ಹಡಗುಗಳೊಂದಿಗೆ ಬಂದ. ಬರುವವರನ್ನು ಯಾತ್ರಿಕರು ಎಂದೇ ಕರೆಯುತ್ತಿದ್ದರು. ವಸಂತದಲ್ಲಿ ಸಮುದ್ರ ತೆರೆದಾಗ ಹಡಗು ಹತ್ತುವುದು, ಒಂದು ವರ್ಷ ಬಿಷಪನ ಕೈಕೆಳಗೆ ಕಾದಾಡುವುದು, ಮರುವರ್ಷ ಹೊಸಬರು ಬಂದಾಗ ಪಾಪಕ್ಷಮೆ ಪಡೆದು ಊರಿಗೆ ಮರಳುವುದು. ಜೆರುಸಲೇಮಿಗೆ ಹೋಲಿಸಿದರೆ ದಾರಿ ಹತ್ತಿರ, ಖರ್ಚು ಕಡಿಮೆ.

ಯಾತ್ರಿಕರು ಬದಲಾಗುತ್ತಿದ್ದರೂ ನೆಲದಲ್ಲಿ ಉಳಿಯಲು ಮೂರು ಏರ್ಪಾಡುಗಳಾದವು. 1201ರಲ್ಲಿ ರೀಗಾ ನಗರ ಹುಟ್ಟಿತು. ನದಿಯ ವ್ಯಾಪಾರವೆಲ್ಲ ಅಲ್ಲಿಯೇ ನಡೆಯಬೇಕೆಂದು ಕಟ್ಟು ಮಾಡಿದ್ದರಿಂದ ವ್ಯಾಪಾರಿಗಳ ಲಾಭವೂ ಬಿಷಪನ ಯುದ್ಧವೂ ಒಂದೇ ಬಂದರಿನಲ್ಲಿ ಕೂಡಿಕೊಂಡವು. 1202ರಲ್ಲಿ ಖಡ್ಗ ಸೋದರರ ಪಂಗಡ ಹುಟ್ಟಿತು. ಇವರು ಸನ್ಯಾಸದ ವ್ರತ ತೊಟ್ಟ ಯೋಧರು, ಚಳಿಗಾಲಕ್ಕೂ ಊರಿಗೆ ಹೋಗುವವರಲ್ಲ. ಅವರ ಖರ್ಚಿಗೆ ಗೆದ್ದ ನೆಲದ ಮೂರನೇ ಒಂದು ಪಾಲು.

ಮೂರನೆಯದು ಒತ್ತೆಯಾಳುಗಳು. ಬಂದ ಮೊದಲ ವರ್ಷವೇ ಆಲ್ಬರ್ಟ್ ಲಿವ್ ಹಿರಿಯರ ಸುಮಾರು 30 ಗಂಡುಮಕ್ಕಳನ್ನು ಒತ್ತೆಯಿಟ್ಟುಕೊಂಡು ಜರ್ಮನಿಗೆ ಕರೆದೊಯ್ದ. ಆಮೇಲೆ ಪ್ರತಿಯೊಂದು ಸಂಧಾನದಲ್ಲೂ ಜ್ಞಾನಸ್ನಾನದ ಜೊತೆಗೆ ಮಕ್ಕಳನ್ನು ಕೇಳುವುದು ವಾಡಿಕೆಯಾಯಿತು. ಅಪ್ಪ ನದಿಗಿಳಿದು ಮೈ ತೊಳೆಯುವ ಮುನ್ನ ಮಗನ ನೆನಪು ಮಾಡಿಕೊಳ್ಳಬೇಕಿತ್ತು. ನನಗೆ ಇಡೀ ಏರ್ಪಾಡಿನಲ್ಲಿ ಅತ್ಯಂತ ಕ್ರೂರವಾಗಿ ಕಾಣುವುದು ಇದೇ.

ಸ್ಥಳೀಯರೆಲ್ಲ ಒಂದೇ ಪಕ್ಷದಲ್ಲಿರಲಿಲ್ಲ ಎಂಬುದನ್ನೂ ಹೇಳಬೇಕು. ತುರೈದಾದ ಲಿವ್ ನಾಯಕ ಕೌಪೊ ರೋಮಿಗೆ ಹೋಗಿ ಪೋಪನನ್ನು ಕಂಡು ಬಂದ, ಕೊನೆಯವರೆಗೂ ಕ್ರೈಸ್ತನಾಗಿಯೇ ಉಳಿದ. 1217ರಲ್ಲಿ ಎಸ್ಟೋನಿಯನ್ನರ ವಿರುದ್ಧದ ಕಾಳಗದಲ್ಲಿ ಜರ್ಮನರ ಪರ ಹೋರಾಡಿ ಸತ್ತ. ಎದುರು ಪಕ್ಷದ ನಾಯಕ ಲೆಂಬಿತು ಸತ್ತದ್ದೂ ಅದೇ ಕಾಳಗದಲ್ಲಿ. ನೆರೆಯ ಲೆಟ್ ಜನರಿಗೆ ಎಸ್ಟೋನಿಯನ್ನರ ಮೇಲೆ ಹಳೆಯ ಸೇಡಿತ್ತು, ಲಿವ್ ಜನರಿಗೆ ಲಿಥುವೇನಿಯನ್ನರ ಭಯವಿತ್ತು. ರೀಗಾದ ಸೈನ್ಯದಲ್ಲಿ ಬಹುಪಾಲು ಕಾಲಾಳುಗಳು ಈ ನೆಲದವರೇ.

ನೀರು ಯಾರದು, ನೆಲ ಯಾರದು

ಜ್ಞಾನಸ್ನಾನವೆಂದರೆ ಒಡೆತನದ ಪತ್ರ ಎಂಬುದು ಎಸ್ಟೋನಿಯಾದಲ್ಲಿ ಬಟಾಬಯಲಾಯಿತು. 1219ರಲ್ಲಿ ಡೆನ್ಮಾರ್ಕಿನ ರಾಜ ಎರಡನೇ ವಾಲ್ಡೆಮಾರ್ ಇಂದಿನ ಟ್ಯಾಲಿನ್ ಇರುವಲ್ಲಿ ಬಂದಿಳಿದ. ಮೊದಲು ಯಾರು ನೀರು ಹಾಕುತ್ತಾರೋ ನೆಲ ಅವರದು ಎಂದು ರೀಗಾದ ಪಾದ್ರಿಗಳೂ ಡೇನರ ಪಾದ್ರಿಗಳೂ ಹಳ್ಳಿಯಿಂದ ಹಳ್ಳಿಗೆ ಧಾವಿಸಿದರು. ಡೇನರಿಗೆ ಪಾದ್ರಿಗಳು ಸಾಲದೆ, ತಾವು ಮುಟ್ಟದ ಹಳ್ಳಿಗಳಿಗೆ ಮರದ ಶಿಲುಬೆಗಳನ್ನು ಕಳಿಸಿಕೊಟ್ಟರು, ರೈತರ ಕೈಯಲ್ಲೇ ಪವಿತ್ರ ನೀರು ಚಿಮುಕಿಸಿದರು ಎಂದು ಹೆನ್ರಿ ಸಿಟ್ಟಿನಿಂದ ಬರೆಯುತ್ತಾನೆ. ತಬೆಲಿನ್ ಎಂಬ ಹಿರಿಯನೊಬ್ಬ ರೀಗಾದವರಿಂದ ಜ್ಞಾನಸ್ನಾನ ಪಡೆದು ಮಗನನ್ನು ಖಡ್ಗ ಸೋದರರಿಗೆ ಒತ್ತೆ ಕೊಟ್ಟಿದ್ದ. ಆ ಕಾರಣಕ್ಕೆ ಡೇನರು ಅವನನ್ನು ಗಲ್ಲಿಗೇರಿಸಿದರು. ಕ್ರೈಸ್ತನಾಗಿದ್ದಕ್ಕೇ ಕ್ರೈಸ್ತರ ಕೈಯಲ್ಲಿ ಸತ್ತ ಮನುಷ್ಯ.

ನೀರಿನ ಹಿಂದೆಯೇ ಬರುತ್ತಿದ್ದದ್ದು ಕಂದಾಯ. ಬೆಳೆಯ ಹತ್ತನೇ ಒಂದು ಪಾಲು ಚರ್ಚಿಗೆ, ಚರ್ಚು ಕಟ್ಟಲು ಬಿಟ್ಟಿ ದುಡಿಮೆ, ಯುದ್ಧಕ್ಕೆ ಕರೆದಾಗ ಆಳು. ನ್ಯಾಯ ತೀರ್ಮಾನಕ್ಕೆ ಬರುತ್ತಿದ್ದವರು ಫೋಗ್ಟ್ ಎಂಬ ಅಧಿಕಾರಿಗಳು. ಅವರಲ್ಲಿ ಕೆಲವರು ಬಡವರ ವ್ಯಾಜ್ಯದಲ್ಲಿ ತಮ್ಮ ಚೀಲ ತುಂಬಿಕೊಂಡರು ಎಂದು ಹೆನ್ರಿಯೇ ದೂರುತ್ತಾನೆ. ಇಂಥ ದೂರು ಹೊಸದೇನಲ್ಲ. ನಾಲ್ಕು ಶತಮಾನ ಹಿಂದೆ ಶಾರ್ಲಮೇನ್ ದೊರೆ ಉತ್ತರ ಜರ್ಮನಿಯ ಸ್ಯಾಕ್ಸನ್ನರನ್ನು ಗೆದ್ದು, ಜ್ಞಾನಸ್ನಾನ ಒಲ್ಲದವನಿಗೂ ಶವವನ್ನು ಸುಟ್ಟವನಿಗೂ ಮರಣದಂಡನೆ ಎಂದು ಶಾಸನ ಮಾಡಿದಾಗ, ಅವನ ಆಸ್ಥಾನದ ವಿದ್ವಾಂಸ ಆಲ್ಕ್ವಿನ್ ಹೊಸ ಕ್ರೈಸ್ತರ ಮೇಲೆ ಈ ದಶಾಂಶದ ಭಾರ ಹೇರಿದ್ದೇ ಅವರ ನಂಬಿಕೆಯನ್ನು ಕೆಡಿಸಿತೆಂದು ಬರೆದಿದ್ದ. ಆ ಸ್ಯಾಕ್ಸನ್ನರ ವಂಶದವರೇ ಈಗ ದೌಗಾವ ತೀರದಲ್ಲಿ ದಶಾಂಶ ಅಳೆಯುತ್ತಿದ್ದರು.

1223ರಲ್ಲಿ ಎಸ್ಟೋನಿಯನ್ನರು ಸಿಡಿದೆದ್ದರು. ಕ್ರೈಸ್ತರಾದಾಗ ಬಿಟ್ಟಿದ್ದ ಹೆಂಡಂದಿರನ್ನು ಮರಳಿ ಮನೆಗೆ ಕರೆತಂದರು. ಚರ್ಚಿನ ಅಂಗಳದಲ್ಲಿ ಹೂತಿದ್ದ ತಮ್ಮವರ ಶವಗಳನ್ನು ಅಗೆದು ತೆಗೆದು ಹಿಂದಿನ ಪದ್ಧತಿಯಂತೆ ಸುಟ್ಟರು. ತಮ್ಮ ಮೈ ತೊಳೆದದ್ದಷ್ಟೇ ಅಲ್ಲ, ಮನೆಗಳನ್ನೂ ಕೋಟೆಗಳನ್ನೂ ನೀರು ಹಾಕಿ ಕಸಬರಿಕೆಯಿಂದ ಗುಡಿಸಿ ತೊಳೆದರು. ಕಸಬರಿಕೆ ಹಿಡಿದ ಆ ಕೈಗಳ ಚಿತ್ರ ಯಾವ ಯುದ್ಧವರ್ಣನೆಗಿಂತಲೂ ಹೆಚ್ಚನ್ನು ಹೇಳುತ್ತದೆ. ದಂಗೆ ಹೆಚ್ಚು ಕಾಲ ನಿಲ್ಲಲಿಲ್ಲ. 1227ರ ಜನವರಿಯಲ್ಲಿ ಹೆಪ್ಪುಗಟ್ಟಿದ ಸಮುದ್ರದ ಮೇಲೆಯೇ ನಡೆದುಹೋದ ಸೈನ್ಯ ಸಾರೆಮಾ ದ್ವೀಪವನ್ನೂ ಗೆದ್ದಿತು.

ಲಿವೋನಿಯಾಕ್ಕೂ ಮುಂಚೆ ಇಂಥದೇ ಒಂದು ಪ್ರಯೋಗ ಪಶ್ಚಿಮದಲ್ಲಿ ಆಗಿತ್ತು. 1147ರಲ್ಲಿ ಕ್ಲೆರ್ವೋ ಮಠದ ಬರ್ನಾರ್ಡ್, ವೆಂಡ್ ಎಂಬ ಸ್ಲಾವ್ ಜನರ ಮೇಲೆ ಯುದ್ಧ ಸಾರಿಸಿ, ಅವರು ಕ್ರೈಸ್ತರಾಗುವವರೆಗೆ ಇಲ್ಲವೇ ಇಲ್ಲವಾಗುವವರೆಗೆ ಯಾವ ಸಂಧಾನವೂ ಕೂಡದೆಂದು ಅಪ್ಪಣೆ ಮಾಡಿದ್ದ. ದೋಬಿನ್ ಕೋಟೆಯಲ್ಲಿ ಸಿಕ್ಕಿಬಿದ್ದವರು ಹೆಸರಿಗೆ ಜ್ಞಾನಸ್ನಾನ ಪಡೆದು ಮುತ್ತಿಗೆ ಬಿಡಿಸಿಕೊಂಡರು. ಷ್ಟೆಟಿನ್ ನಗರದವರು ಗೋಡೆಯ ಮೇಲೆ ಶಿಲುಬೆಗಳನ್ನು ತೂಗುಹಾಕಿ ನಾವು ಆಗಲೇ ಕ್ರೈಸ್ತರು ಎಂದರು, ಅದು ನಿಜವೂ ಆಗಿತ್ತು. ಸುಮಾರು 20 ವರ್ಷ ಹಿಂದೆ ಬಾಂಬೆರ್ಗಿನ ಬಿಷಪ್ ಓಟ್ಟೊ ಕತ್ತಿಯಿಲ್ಲದೆ, ಆದರೆ ಪೋಲೆಂಡಿನ ದೊರೆಯ ಬೆಂಬಲ ಮತ್ತು ಕಪ್ಪ ಇಳಿಸುವ ಭರವಸೆಯೊಂದಿಗೆ ಬಂದು ಅವರನ್ನು ಒಲಿಸಿದ್ದ.

ಪ್ರಶ್ಯಾ, ಲಿಥುವೇನಿಯಾ

ಖಡ್ಗ ಸೋದರರು 1236ರಲ್ಲಿ ಸೌಲೆ ಎಂಬಲ್ಲಿ ಸೋತು ನೆಲಕಚ್ಚಿದಾಗ ಉಳಿದವರನ್ನು ಟ್ಯೂಟಾನಿಕ್ ಎಂಬ ಇನ್ನೊಂದು ಯೋಧಸನ್ಯಾಸಿಗಳ ಪಂಗಡ ಸೇರಿಸಿಕೊಂಡಿತು. ಅದು ಆಗಲೇ ಪ್ರಶ್ಯಾದಲ್ಲಿ ನದಿಯುದ್ದಕ್ಕೂ ಕೋಟೆ ಕಟ್ಟುತ್ತ ಸಾಗಿತ್ತು. 1249ರಲ್ಲಿ ಪೋಪನ ಪ್ರತಿನಿಧಿಯ ಮಧ್ಯಸ್ಥಿಕೆಯಲ್ಲಿ ಕ್ರಿಸ್ಟ್‌ಬುರ್ಗ್ ಒಪ್ಪಂದವಾಯಿತು. ಪ್ರಶ್ಯನ್ನರಿಗೆ ಆಸ್ತಿ ಕೊಳ್ಳುವ, ಮಕ್ಕಳಿಗೆ ಬಿಟ್ಟುಹೋಗುವ, ಪಾದ್ರಿಯಾಗುವ ಹಕ್ಕು ಸಿಕ್ಕಿತು. ಬದಲಿಗೆ ಶವ ಸುಡುವುದನ್ನು, ಹಲವು ಹೆಂಡಿರನ್ನು ಕಟ್ಟಿಕೊಳ್ಳುವುದನ್ನು ಬಿಟ್ಟು ಚರ್ಚುಗಳನ್ನು ಕಟ್ಟಬೇಕು. ಧರ್ಮ ಬಿಟ್ಟವರು ಈ ಹಕ್ಕುಗಳನ್ನೂ ಕಳೆದುಕೊಳ್ಳುತ್ತಾರೆ ಎಂಬ ಷರತ್ತು ಅದರೊಳಗೇ ಇತ್ತು. 1260ರ ದೊಡ್ಡ ದಂಗೆ 1274ರಲ್ಲಿ ಅಡಗಿದಾಗ ಆ ಷರತ್ತು ತನ್ನ ಕೆಲಸ ಮಾಡಿತು, ಹೆಚ್ಚಿನವರು ಜೀತದಂಥ ಸ್ಥಿತಿಗೆ ಇಳಿದರು. ಅವರ ಭಾಷೆ 18ನೇ ಶತಮಾನದ ಆರಂಭದ ಹೊತ್ತಿಗೆ ಅಳಿಯಿತು.

ಲಿಥುವೇನಿಯಾದಲ್ಲಿ ಈ ಯಂತ್ರ ಕಚ್ಚಲಿಲ್ಲ. ಅಲ್ಲಿ ಒಂದು ಗಟ್ಟಿ ರಾಜ್ಯವಿತ್ತು. ಆದ್ದರಿಂದ 14ನೇ ಶತಮಾನದಲ್ಲಿ ಯುದ್ಧ ವರ್ಷಕ್ಕೆರಡು ಬಾರಿಯ ದಾಳಿಯಾಗಿ ಉಳಿಯಿತು. ಚಳಿಗಾಲದ್ದು ಜೌಗು ಹೆಪ್ಪುಗಟ್ಟಿದಾಗ, ಬೇಸಿಗೆಯದು ಅದು ಒಣಗಿದಾಗ. ದಾರಿಬಲ್ಲವರು ಹೇಳಿದ ಸುಮಾರು 100 ದಾರಿಗಳ ವಿವರವನ್ನು ಪಂಗಡದವರು ಬರೆಸಿಟ್ಟಿದ್ದಾರೆ: ಎಲ್ಲಿ ನೀರು, ಎಲ್ಲಿ ಮೇವು, ಎಲ್ಲಿ ಸೇತುವೆ ಹಾಕಬೇಕು, ರಾತ್ರಿ ಎಲ್ಲಿ ತಂಗಬೇಕು. ಇಂಗ್ಲೆಂಡ್, ಫ್ರಾನ್ಸುಗಳಿಂದ ಶ್ರೀಮಂತ ಯೋಧರು ಅತಿಥಿಗಳಾಗಿ ಬರುತ್ತಿದ್ದರು. ಪರಾಕ್ರಮಿಗಳನ್ನು ಆರಿಸಿ ಗೌರವದ ಪಂಕ್ತಿಯಲ್ಲಿ ಕೂರಿಸಿ ಔತಣ ಕೊಡುತ್ತಿದ್ದರು.

1386ರಲ್ಲಿ ಲಿಥುವೇನಿಯಾದ ದೊರೆ ಯೊಗೈಲ ಕ್ರಾಕೋವ್ ನಗರದಲ್ಲಿ ತಾನಾಗಿ ಜ್ಞಾನಸ್ನಾನ ಪಡೆದು ಪೋಲೆಂಡಿನ ರಾಣಿ ಯಾಡ್ವಿಗಾಳನ್ನು ಮದುವೆಯಾದ. ಮರುವರ್ಷ ವಿಲ್ನಿಯಸ್‌ನಲ್ಲಿ ಪ್ರಜೆಗಳ ಸ್ನಾನವೂ ನಡೆಯಿತು. ಇಷ್ಟು ಕಾಲ ಒಂದು ಬೊಗಸೆ ನೀರು ಅಳಿಸಲಾಗದ್ದು ಎನ್ನುತ್ತಿದ್ದ ಪಂಗಡ, ಈ ನೀರು ಮಾತ್ರ ನಾಟಕ ಎಂದಿತು. ದಾಳಿಗಳು ನಿಂತರೆ ಅತಿಥಿಗಳು ಬರುವುದಿಲ್ಲ, ಪಂಗಡ ಇರುವುದಕ್ಕೆ ಕಾರಣವೂ ಉಳಿಯುವುದಿಲ್ಲ. ಮುಂದೆ ಇಂಗ್ಲೆಂಡಿನ ನಾಲ್ಕನೇ ಹೆನ್ರಿ ದೊರೆಯಾದವನು ಯುವಕನಾಗಿದ್ದಾಗ ಇವರ ಜೊತೆ ಸೇರಿ ಮುತ್ತಿಗೆ ಹಾಕಿದ್ದು ಇದೇ ವಿಲ್ನಿಯಸ್ ನಗರಕ್ಕೆ, 1390ರಲ್ಲಿ.

1410ರ ಜುಲೈ 15ರಂದು ಪೋಲೆಂಡ್, ಲಿಥುವೇನಿಯಾಗಳ ಸೈನ್ಯದೆದುರಿನ ಗ್ರುನ್‌ವಾಲ್ಡ್ ಕಾಳಗದಲ್ಲಿ ಪಂಗಡದ ಮುಖ್ಯಸ್ಥನೇ ಸತ್ತ. ಅಲ್ಲಿಂದ ಜಗಳ ಕಾನ್‌ಸ್ಟನ್ಸ್‌ನಲ್ಲಿ ನಡೆದ ಚರ್ಚಿನ ಮಹಾಸಭೆಗೆ ಹೋಯಿತು. ಕ್ರಾಕೋವ್ ವಿಶ್ವವಿದ್ಯಾಲಯದ ಪಾವೆಲ್ ವ್ಲೋಡ್ಕೊವಿಚ್, ಶಾಂತವಾಗಿರುವ ಅನ್ಯಧರ್ಮೀಯರಿಗೂ ತಮ್ಮ ನೆಲದ ಮೇಲೆ ಹಕ್ಕಿದೆ, ನಂಬಿಕೆ ಇಲ್ಲವೆಂಬ ಒಂದೇ ಕಾರಣಕ್ಕೆ ಅದನ್ನು ಕಸಿಯುವಂತಿಲ್ಲ ಎಂದು ಅಲ್ಲಿ ವಾದಿಸಿದ. ಪಂಗಡ ಕೆಲಕಾಲ ಆಳಿದ್ದ, ಲಿಥುವೇನಿಯಾದ ಸಮೊಗಿಷಿಯಾ ಪ್ರಾಂತದ ಜನರ ನಿಯೋಗವೂ ಅಲ್ಲಿಗೆ ಬಂತು. ಪಂಗಡದವರಿಗೆ ಬೇಕಿದ್ದದ್ದು ನಮ್ಮ ಆತ್ಮವಲ್ಲ, ನಮ್ಮ ನೆಲ. ನಮಗೆ ಬೇರೆಯವರಿಂದ ಜ್ಞಾನಸ್ನಾನ ಕೊಡಿಸಿ ಎಂಬುದು ಅವರ ದೂರು. ಸಭೆ ಪೋಲೆಂಡಿನ ಕಡೆಯ ಬಿಷಪರಿಗೆ ಆ ಕೆಲಸ ವಹಿಸಿತು. 1417ರಲ್ಲಿ ಸಮೊಗಿಷಿಯಾಕ್ಕೆ ಅದರದೇ ಧರ್ಮಪ್ರಾಂತ್ಯ ಸ್ಥಾಪನೆಯಾಯಿತು.