ನೆಲೆ ತಪ್ಪಿದವರ ನಾಟಕಗಳು

ಮನುಷ್ಯನು ಹುಟ್ಟಿದ ಊರನ್ನು ಬಿಟ್ಟು ಹೊಸ ನೆಲೆಯನ್ನು ಅರಸಿಕೊಂಡು ಹೋಗುವುದು ಇಂದು ನಿನ್ನೆಯ ಸಂಗತಿಯಲ್ಲ. ಮಳೆ ಕೈಕೊಟ್ಟಾಗ, ಯುದ್ಧ ಬಂದೆರಗಿದಾಗ, ಆಳುವವರ ಅಪ್ಪಣೆಯಾದಾಗ ಜನರು ಗಂಟುಮೂಟೆ ಕಟ್ಟಿಕೊಂಡು ಹೊರಟಿದ್ದಾರೆ. ಉತ್ತರ ಕರ್ನಾಟಕದಲ್ಲಿ ಹೀಗೆ ಹೊರಡುವುದಕ್ಕೆ ‘ಗುಳೆ ಹೋಗುವುದು’ ಎಂಬ ಮಾತೇ ಉಂಟು. ರಾಯಚೂರು, ಕಲಬುರಗಿ, ಕೊಪ್ಪಳ ಸೀಮೆಗಳ ಅನೇಕ ಕುಟುಂಬಗಳು ಹೊಲದ ಕೆಲಸವಿಲ್ಲದ ದಿನಗಳಲ್ಲಿ ಮನೆಗೆ ಬೀಗ ಹಾಕಿ ಬೆಂಗಳೂರು, ಪುಣೆ, ಮುಂಬಯಿ, ಗೋವೆಗಳಿಗೆ ಕೂಲಿಯನ್ನರಸಿ ತೆರಳುತ್ತವೆ. ಊರಿನಲ್ಲಿದ್ದಾಗ ‘ಇಂಥವರ ಮಗ, ಇಂಥ ಓಣಿಯವನು’ ಎಂದು ಎಲ್ಲರೂ ಬಲ್ಲ ಮನುಷ್ಯನು ಪರಸ್ಥಳದಲ್ಲಿ ಬರಿಯ ‘ಕೂಲಿಯವನು’ ಆಗುತ್ತಾನೆ. ವಲಸೆಯಲ್ಲಿ ಮನೆಯೊಡನೆ ಮನುಷ್ಯನ ಗುರುತೂ ಕಳೆದುಹೋಗುತ್ತದೆ. ಮುಂದೆ ಅವನು ಯಾರೆಂಬುದನ್ನು ಬೇರೆಯವರು ತೀರ್ಮಾನಿಸತೊಡಗುತ್ತಾರೆ. ಸ್ವಾತಂತ್ರ್ಯಾನಂತರದ ಭಾರತೀಯ ನಾಟಕಕಾರರಲ್ಲಿ ಹಲವರು ಈ ಸಂಕಟವನ್ನು ರಂಗದ ಮೇಲೆ ತಂದಿದ್ದಾರೆ.

ಆದರೆ ರಂಗಸ್ಥಳವು ಕಿರಿದಾದುದು. ಸಾವಿರಾರು ಜನರು ಹಗಲಿರುಳು ನಡೆದುಹೋಗುವುದನ್ನು ಅಲ್ಲಿ ತೋರಿಸಲಾಗದು. ಇತಿಹಾಸದ ಗ್ರಂಥವು ಲಕ್ಷ, ಕೋಟಿಗಳ ಲೆಕ್ಕವನ್ನು ಕೊಡುತ್ತದೆ. ನಾಟಕಕಾರನಾದರೋ ಒಬ್ಬ ತಾಯಿಯನ್ನು, ಒಂದು ಮನೆಯನ್ನು ಆರಿಸಿಕೊಂಡು ಅದರ ಮೂಲಕ ಇಡೀ ಸಮೂಹದ ಕಥೆಯನ್ನು ಹೇಳುತ್ತಾನೆ. ಲೆಕ್ಕವನ್ನು ಓದಿ ಮರೆಯಬಹುದು. ಕಣ್ಣೆದುರು ನಿಂತು ಮಾತನಾಡಿದ ಮನುಷ್ಯನನ್ನು ಮರೆಯುವುದು ಕಷ್ಟ. ಕನ್ನಡ, ಹಿಂದಿ ಮತ್ತು ಮರಾಠಿ ಭಾಷೆಗಳ ಮೂರು ನಾಟಕಗಳಿಂದ ಈ ಮಾತು ಸ್ಪಷ್ಟವಾಗುತ್ತದೆ.

ಗಿರೀಶ ಕಾರ್ನಾಡರ ‘ತುಘಲಕ್’ 1964ರಲ್ಲಿ ಪ್ರಕಟವಾಯಿತು. ದೆಹಲಿಯ ಸುಲ್ತಾನ ಮಹಮ್ಮದ್ ಬಿನ್ ತುಘಲಕನು 1327ರ ಸುಮಾರಿಗೆ ತನ್ನ ರಾಜಧಾನಿಯನ್ನು ದೌಲತಾಬಾದಿಗೆ ಬದಲಾಯಿಸಲು ಹೊರಟ ಪ್ರಸಂಗ ಅದರ ವಸ್ತುವಿನ ಮುಖ್ಯ ಭಾಗ. ದೌಲತಾಬಾದೆಂದರೆ ಹಿಂದೆ ಸೇವುಣ ಅರಸರ ರಾಜಧಾನಿಯಾಗಿದ್ದ ದೇವಗಿರಿ. ದೆಹಲಿಯಿಂದ ಸಾವಿರ ಕಿಲೋಮೀಟರಿಗೂ ಹೆಚ್ಚು ದೂರದ ಊರು. ನಾಟಕದ ಸುಲ್ತಾನನು ಮೂಢನಲ್ಲ. ಅವನು ವಿದ್ವಾಂಸ, ಕನಸುಗಾರ. ಹಿಂದೂ ಮುಸಲ್ಮಾನರ ಐಕ್ಯಕ್ಕೆ ಹೊಸ ರಾಜಧಾನಿ ಸಂಕೇತವಾಗಬೇಕೆಂಬುದು ಅವನ ಆಸೆ. ಆದರೆ ತನ್ನನ್ನು ಕೊಲ್ಲಲು ಹೂಡಿದ ಸಂಚು ಬಯಲಾದಾಗ ಆ ಆಸೆ ಕ್ರೋಧವಾಗಿ ಮಾರ್ಪಡುತ್ತದೆ. ದೆಹಲಿಯಲ್ಲಿ ಒಬ್ಬನೂ ಉಳಿಯಕೂಡದೆಂದು ಅವನು ಆಜ್ಞಾಪಿಸುತ್ತಾನೆ.

ಆ ದೀರ್ಘ ಪ್ರಯಾಣವನ್ನು ಕಾರ್ನಾಡರು ದಾರಿಯ ಒಂದು ಬಿಡಾರದಲ್ಲಿ ತೋರಿಸುತ್ತಾರೆ. ಕಾಯಿಲೆಯ ಮಗುವನ್ನು ಎತ್ತಿಕೊಂಡ ಹೆಂಗಸೊಬ್ಬಳು ವೈದ್ಯನಲ್ಲಿಗೆ ಹೋಗಲು ಅಪ್ಪಣೆ ಬೇಡುತ್ತಾಳೆ. ಅಧಿಕಾರಿಯಾದ ಅಜೀಜನು ಲಂಚ ಕೇಳುತ್ತಾನೆ. ಅವಳ ಗೋಳಿಗೆ ಕರಗುವುದಿಲ್ಲ. ಸುಲ್ತಾನನ ಉದಾತ್ತ ಕನಸು ಆ ತಾಯಿಯ ಪಾಲಿಗೆ ಏನಾಯಿತೆಂಬುದನ್ನು ಈ ಒಂದು ನೋಟವೇ ಹೇಳುತ್ತದೆ. ಈ ಅಜೀಜನಾದರೂ ಯಾರು? ಅವನು ಹುಟ್ಟಿನಿಂದ ಅಗಸ. ಮೊದಲು ಬ್ರಾಹ್ಮಣನ ವೇಷ ತೊಟ್ಟು ಸುಲ್ತಾನನ ಮೇಲೆಯೇ ದಾವೆ ಗೆದ್ದು ಉದ್ಯೋಗ ಗಿಟ್ಟಿಸಿದವನು. ಕೊನೆಗೆ ಖಲೀಫರ ವಂಶಸ್ಥನ ವೇಷದಲ್ಲಿ ಅರಮನೆಯನ್ನೇ ಸೇರುತ್ತಾನೆ. ಪ್ರಾಮಾಣಿಕರ ಗುರುತು ಅಳಿಸಿಹೋಗುವ ಕಾಲದಲ್ಲಿ ವಂಚಕನಿಗೆ ಬೇಕಾದಷ್ಟು ಗುರುತುಗಳು ದೊರೆಯುತ್ತವೆ. ಕಡೆಗೆ ಸುಲ್ತಾನನು ಎಲ್ಲರೂ ದೆಹಲಿಗೆ ಮರಳಬೇಕೆಂದು ಸಾರುತ್ತಾನೆ. ದಾರಿಯಲ್ಲಿ ಸತ್ತವರು ಮಾತ್ರ ಮರಳುವಂತಿರಲಿಲ್ಲ.

ಈ ನಾಟಕವನ್ನು ಬಿ. ವಿ. ಕಾರಂತರು ಹಿಂದೂಸ್ತಾನಿಗೆ ಅನುವಾದಿಸಿದರು. ನಿರ್ದೇಶಕ ಇಬ್ರಾಹಿಂ ಅಲ್ಕಾಜಿಯವರು 1970ರ ದಶಕದಲ್ಲಿ ಅದನ್ನು ದೆಹಲಿಯ ಪುರಾನಾ ಕಿಲಾದ ಹಳೆಯ ಗೋಡೆಗಳ ನಡುವೆ ಆಡಿಸಿದ್ದು ರಂಗಭೂಮಿಯ ಇತಿಹಾಸದಲ್ಲಿ ಪ್ರಸಿದ್ಧವಾಗಿದೆ. ಆ ಕೋಟೆಗೆ ವಲಸೆಗಾರರು ಹೊಸಬರಲ್ಲ. 1947ರಲ್ಲಿ ಪಾಕಿಸ್ತಾನಕ್ಕೆ ಹೊರಟ ಸಹಸ್ರಾರು ಮುಸಲ್ಮಾನ ನಿರಾಶ್ರಿತರು ಅದೇ ಕೋಟೆಯೊಳಗೆ ದಿನಗಳನ್ನು ನೂಕಿದ್ದರು.

ಆ ವರ್ಷ ದೇಶ ವಿಭಜನೆಯಿಂದ ಒಂದು ಕೋಟಿಗೂ ಹೆಚ್ಚು ಜನರು ಗಡಿ ದಾಟಬೇಕಾಯಿತು. ಇವರ ಕಥೆಯನ್ನು ಹಿಂದಿಯ ಲೇಖಕ ಅಸಗರ್ ವಜಾಹತ್ ಅವರು ಒಂದು ಹವೇಲಿಯೊಳಗೆ ಹಿಡಿದಿಟ್ಟಿದ್ದಾರೆ. ‘ಲಾಹೋರನ್ನು ನೋಡದವನು ಹುಟ್ಟಿಯೇ ಇಲ್ಲ’ ಎಂಬ ಅರ್ಥದ ಪಂಜಾಬಿ ಮಾತೇ ಆ ನಾಟಕದ ಹೆಸರು. ಲಖನೌವನ್ನು ತೊರೆದು ಲಾಹೋರಿಗೆ ಬಂದ ಸಿಕಂದರ್ ಮಿರ್ಜಾನ ಕುಟುಂಬಕ್ಕೆ ಹಿಂದೂ ವರ್ತಕನೊಬ್ಬನು ಬಿಟ್ಟುಹೋದ ಹವೇಲಿಯನ್ನು ಸರಕಾರವು ಹಂಚಿಕೊಟ್ಟಿರುತ್ತದೆ. ಒಳಹೊಕ್ಕು ನೋಡಿದರೆ ಅಲ್ಲಿ ಮುದುಕಿಯೊಬ್ಬಳು ಇದ್ದಾಳೆ! ಅವಳು ಆ ವರ್ತಕ ರತನಲಾಲನ ತಾಯಿ. ಮಗನು ಬದುಕಿದ್ದಾನೋ ಇಲ್ಲವೋ ಅವಳಿಗೆ ತಿಳಿಯದು. ಮನೆಯನ್ನು ಬಿಡಲು ಮಾತ್ರ ಅವಳು ಒಪ್ಪುವುದಿಲ್ಲ.

ನೆಲೆ ತಪ್ಪಿ ಬಂದವರಿಗೂ ನೆಲೆ ಬಿಡದವಳಿಗೂ ಮೊದಲು ಜಗಳವೇ. ಮುದುಕಿಯನ್ನು ಹೇಗಾದರೂ ಹೊರದೂಡಬೇಕೆಂಬುದು ಮಿರ್ಜಾ ಕುಟುಂಬದ ಯೋಚನೆ. ಅವರ ಮಾತು ಲಖನೌವಿನ ಉರ್ದು, ಅವಳದು ಪಂಜಾಬಿ. ಆದರೆ ಹೊಸ ಊರಿನ ರೀತಿನೀತಿಗಳನ್ನು ಕಲಿಸಿಕೊಡಲು, ನೆರೆಹೊರೆಯವರ ಕಷ್ಟಸುಖಕ್ಕೆ ಒದಗಲು ಆ ಮುದುಕಿಯೇ ಬೇಕಾಗುತ್ತದೆ. ದಿನ ಕಳೆದಂತೆ ಅವಳು ಕೇರಿಗೆಲ್ಲ ತಾಯಿಯಾಗುತ್ತಾಳೆ. ಇದನ್ನು ಸಹಿಸದ ಪುಂಡರು ಅವಳ ಧರ್ಮವನ್ನೇ ನೆಪಮಾಡಿಕೊಂಡು ಬೆದರಿಸುತ್ತಾರೆ. ಅವಳು ಸತ್ತಾಗ ಶವಸಂಸ್ಕಾರ ಹೇಗೆಂಬ ಪ್ರಶ್ನೆ ಏಳುತ್ತದೆ. ಅವಳ ಧರ್ಮದಂತೆಯೇ ನಡೆಯಬೇಕೆಂದು ಮಸೀದಿಯ ಮೌಲವಿ ತೀರ್ಪು ಕೊಡುತ್ತಾನೆ. ಮುಸಲ್ಮಾನ ನೆರೆಯವರೇ ಹೆಗಲು ಕೊಟ್ಟು ಅವಳನ್ನು ರಾವಿ ನದಿಯ ದಡಕ್ಕೆ ಒಯ್ದು ದಹಿಸುತ್ತಾರೆ. ಆ ನ್ಯಾಯದ ಮಾತಿಗಾಗಿ ಮೌಲವಿಯು ಪ್ರಾಣವನ್ನೇ ತೆರಬೇಕಾಗುತ್ತದೆ. ಮನುಷ್ಯನನ್ನು ಅವನ ಧರ್ಮದ ಹೆಸರಿನಿಂದ ಮಾತ್ರ ಗುರುತಿಸುವವರೂ, ತನ್ನ ಧರ್ಮವನ್ನು ನಂಬಿಯೇ ಪರರ ಗುರುತನ್ನು ಗೌರವಿಸುವವರೂ ಒಂದೇ ಕೇರಿಯಲ್ಲಿ ಇರುತ್ತಾರೆಂಬುದನ್ನು ಈ ನಾಟಕವು ತೋರಿಸುತ್ತದೆ.

ರಾಜಾಜ್ಞೆಯಾಗಲಿ ರಕ್ತಪಾತವಾಗಲಿ ಇಲ್ಲದೆಯೂ ಜನರು ಊರು ಬಿಡುತ್ತಾರೆ. ಅಂಥ ಸದ್ದಿಲ್ಲದ ವಲಸೆಯನ್ನು ಮಹೇಶ ಎಲಕುಂಚವಾರರ ಮರಾಠಿ ನಾಟಕ ‘ವಾಡಾ ಚಿರೇಬಂದಿ’ಯಲ್ಲಿ ಕಾಣಬಹುದು. ವಾಡಾ ಎಂದರೆ ದೊಡ್ಡ ಮನೆ. 1980ರ ದಶಕದಲ್ಲಿ ರಂಗಕ್ಕೆ ಬಂದ ಈ ನಾಟಕದ ದೇಶಪಾಂಡೆ ಮನೆತನವು ವಿದರ್ಭದ ಹಳ್ಳಿಯೊಂದರ ಹಳೆಯ ಜಮೀನುದಾರಿ ಮನೆತನ. ಯಜಮಾನನು ತೀರಿಕೊಂಡಾಗ ಮುಂಬಯಿಯಲ್ಲಿ ನೌಕರಿ ಹಿಡಿದ ಮಗ ಸುಧೀರನು ಹೆಂಡತಿಯೊಡನೆ ಬರುತ್ತಾನೆ. ಉತ್ತರಕ್ರಿಯೆಯ ಖರ್ಚನ್ನು ಯಾರು ಹೊರಬೇಕು? ಊರಿನಲ್ಲಿರುವವರ ಕಣ್ಣಿಗೆ ಅವನು ನಗರದ ಶ್ರೀಮಂತ; ನಗರದಲ್ಲಾದರೋ ಅವನು ಸಂಬಳವನ್ನು ಎಣಿಸಿ ಬದುಕುವ ಸಾಮಾನ್ಯ ನೌಕರ. ಹೀಗೆ ಅವನು ಎರಡು ಊರುಗಳಲ್ಲಿ ಎರಡು ಬಗೆಯ ಮನುಷ್ಯನಾಗಿದ್ದಾನೆ.

ಊರಿನಲ್ಲೇ ಉಳಿದವರ ಸ್ಥಿತಿಯೂ ಮೇಲಲ್ಲ. ಅಂಗಳದಲ್ಲಿ ಕೆಟ್ಟು ನಿಂತ ಟ್ರಾಕ್ಟರು ತುಕ್ಕು ಹಿಡಿಯುತ್ತಿದೆ. ಓದಬೇಕೆಂದು ಹಂಬಲಿಸಿದ ಮಗಳು ಪ್ರಭಾಳನ್ನು ಮನೆತನದ ಪ್ರತಿಷ್ಠೆಯ ಹೆಸರಿನಲ್ಲಿ ಮುಂದೆ ಓದಿಸಲಿಲ್ಲ. ವಾಡೆಯ ಕಲ್ಲಿನ ಗೋಡೆಗಳು ಇನ್ನೂ ನಿಂತಿವೆ. ಒಳಗಿನ ಬಾಳು ಮಾತ್ರ ಕುಸಿಯುತ್ತಿದೆ. ದೇಶಪಾಂಡೆಯವರೆಂಬ ಹಳೆಯ ಗುರುತನ್ನು ಕಾಯುವುದಕ್ಕಾಗಿ ಮನೆಯ ಮಕ್ಕಳ ಬದುಕನ್ನೇ ತೆತ್ತಂತಾಗಿದೆ. ಗುರುತನ್ನು ಕಳೆದುಕೊಳ್ಳುವುದು ಎಷ್ಟು ನೋವೋ, ಕಾಲ ಮೀರಿದ ಗುರುತಿಗೆ ಜೋತುಬೀಳುವುದೂ ಅಷ್ಟೇ ನೋವು.

ಈ ನಾಟಕಗಳು ಯಾವ ಉಪದೇಶವನ್ನೂ ಮಾಡುವುದಿಲ್ಲ; ಪ್ರೇಕ್ಷಕನನ್ನು ಯೋಚನೆಗೆ ಹಚ್ಚುತ್ತವೆ. 2020ರ ಮಾರ್ಚ್ ತಿಂಗಳಲ್ಲಿ ಕೊರೋನಾ ರೋಗದ ನಿಮಿತ್ತ ದೇಶವೆಲ್ಲ ಸ್ತಬ್ಧವಾದಾಗ ಕೂಲಿಕಾರರು ಮಕ್ಕಳನ್ನು ಹೆಗಲ ಮೇಲೆ ಹೊತ್ತು ನೂರಾರು ಕಿಲೋಮೀಟರು ನಡೆದರು. ‘ತುಘಲಕ್’ ನಾಟಕವನ್ನು ಬಲ್ಲವರಿಗೆ ಆ ದಾರಿಯ ತಾಯಂದಿರು ಅಪರಿಚಿತರೆನಿಸಲಾರರು. ನಾಟಕದಿಂದ ದೊರೆಯುವ ದೊಡ್ಡ ಶಿಕ್ಷಣವೆಂದರೆ ಇದೇ: ಅದು ಅಪರಿಚಿತರನ್ನು ಪರಿಚಿತರನ್ನಾಗಿ ಮಾಡುತ್ತದೆ.

ಗುಳೆ ಹೋದವರ ಮಕ್ಕಳು ಎಷ್ಟೋ ಸಲ ವರ್ಷದ ನಡುವೆ ಬೇರೊಂದು ಶಾಲೆಯನ್ನು ಸೇರುತ್ತಾರೆ. ಅವರ ಮಾತಿನ ಧಾಟಿ ಬೇರೆ, ಬುತ್ತಿಯ ರೊಟ್ಟಿ ಬೇರೆ. ಅಂಥ ಹುಡುಗನನ್ನು ‘ಹೊರಗಿನವನು’ ಎಂದು ಕರೆಯಬೇಕೋ ಅಥವಾ ಅವನ ಹೆಸರು ಹಿಡಿದು ಕರೆಯಬೇಕೋ ಎಂಬುದು ಸಣ್ಣ ಪ್ರಶ್ನೆಯಂತೆ ತೋರಬಹುದು. ಲಾಹೋರಿನ ಆ ಹವೇಲಿಯಲ್ಲಿ ಇತ್ಯರ್ಥವಾಗಬೇಕಾಗಿದ್ದುದೂ ಇಂಥದೇ ಪ್ರಶ್ನೆ. ಅದಕ್ಕೆ ಉತ್ತರ ಕೊಡುವವರು ನೆರೆಹೊರೆಯವರು, ಜೊತೆಯಲ್ಲಿ ಕುಳಿತವರು.