ಕಡತದಲ್ಲಿ ಎರಡು ಸಹಿ

ಮಲೆ ಮಹದೇಶ್ವರ ಬೆಟ್ಟದಿಂದ ಮೆಟ್ಟೂರಿನ ಕಡೆಗೆ ಇಳಿದರೆ ಕರ್ನಾಟಕ ಮುಗಿಯುವುದು ಪಾಲಾರಿನಲ್ಲಿ. ಹೊಳೆಯಾಚೆಗೆ ತಮಿಳುನಾಡು. ಹನೂರು ತಾಲ್ಲೂಕಿನ ಈ ತುದಿಗೆ ವಿಧಾನಸೌಧ ಬಲು ದೂರ. ಆದರೂ ಕಾಡಿನೊಳಗಿನ ಪೋಡಿಗೆ, ಅಂದರೆ ಸೋಲಿಗ ಬುಡಕಟ್ಟಿನವರ ಹಾಡಿಗೆ, ರಸ್ತೆಯಾಗಬೇಕೇ, ಶಾಲೆಗೆ ಮೇಷ್ಟ್ರು ಬರಬೇಕೇ, ಆನೆ ತುಳಿದ ಫಸಲಿಗೆ ಎಷ್ಟು ಪರಿಹಾರ ಎಂಬುದು ಬಹುಪಾಲು ನಿಶ್ಚಯವಾಗುವುದು ಅಲ್ಲಿಯೇ. 2025ರ ಏಪ್ರಿಲ್ 24ರಂದು ಆ ವಿಧಾನಸೌಧವೇ ಬೆಟ್ಟ ಹತ್ತಿ ಬಂತು. ಮಹದೇಶ್ವರನ ಸನ್ನಿಧಿಯಲ್ಲಿ ಸಚಿವ ಸಂಪುಟ ಸಭೆ ಸೇರಿತು. ಇಂಥ ಸಭೆಗಳಾದಾಗ ನಾವು ಮಂತ್ರಿಗಳ ಮುಖ ನೋಡುತ್ತೇವೆ. ಅವರ ಮುಂದಿಟ್ಟ ಟಿಪ್ಪಣಿಯನ್ನು ತಿಂಗಳುಗಟ್ಟಲೆ ಕೂತು ಬರೆದವರ ಮುಖ ನಮಗೆ ಗೊತ್ತಿರುವುದಿಲ್ಲ. ಈ ಇಬ್ಬರ ನಡುವಿನ ಸಂಬಂಧ ಎಂಥದ್ದು, ಅದು ಈ ಸೀಮೆಗೆ ಹೇಗೆ ಬಂತು ಎಂದು ತಿಳಿಯಲು ಕೊಳ್ಳೇಗಾಲ, ಹನೂರು, ಯಳಂದೂರಿಗಿಂತ ಒಳ್ಳೆಯ ಜಾಗ ನಾಡಿನಲ್ಲಿ ಇನ್ನೊಂದಿಲ್ಲ ಎಂಬುದು ನನ್ನ ಎಣಿಕೆ.

ಮೊದಲು ಕಡತದ ನಡೆ ನೋಡೋಣ. ಫೈಲು ಹುಟ್ಟುವುದು ಕೆಳಗೆ, ವಿಷಯ ನಿರ್ವಾಹಕರ ಮೇಜಿನಲ್ಲಿ. ಅಲ್ಲಿಂದ ಶಾಖಾಧಿಕಾರಿ, ಅಧೀನ ಕಾರ್ಯದರ್ಶಿ, ಉಪ ಕಾರ್ಯದರ್ಶಿ, ಪ್ರಧಾನ ಕಾರ್ಯದರ್ಶಿ ಎಂದು ಮೆಟ್ಟಿಲೇರಿ ಸಚಿವರನ್ನು ತಲುಪುತ್ತದೆ. ಟಿಪ್ಪಣಿ ಹಾಳೆಯ ಒಂದೊಂದು ಪ್ಯಾರಾಕ್ಕೂ ಸಂಖ್ಯೆ ಇರುತ್ತದೆ. ಕಚೇರಿಯ ಮಾತಿನಲ್ಲಿ ಅದು ಕಂಡಿಕೆ. ಮೇಲಿನವರು ‘ಕಂಡಿಕೆ 14ರಂತೆ’ ಎಂದು ಬರೆದು ಸಹಿ ಹಾಕಿದರೆ ಆ ಕಂಡಿಕೆಯಲ್ಲಿರುವುದೇ ತೀರ್ಮಾನ. ಹಣದ ಮಾತಿದ್ದರೆ ಆರ್ಥಿಕ ಇಲಾಖೆಯ ಸಹಮತಿ ಬೇಕು, ಕಾನೂನಿನ ತೊಡಕಿದ್ದರೆ ಕಾನೂನು ಇಲಾಖೆಯ ಅಭಿಪ್ರಾಯ ಬೇಕು. ಕಡೆಗೆ ಹೊರಡುವ ಸರ್ಕಾರಿ ಆದೇಶ ರಾಜ್ಯಪಾಲರ ಹೆಸರಿನಲ್ಲಿ ಇರುತ್ತದೆ, ಅಡಿಯಲ್ಲಿ ಬಹುಪಾಲು ಅಧೀನ ಕಾರ್ಯದರ್ಶಿಯ ಸಹಿ ಇರುತ್ತದೆ. ಸಂವಿಧಾನದ 166ನೇ ವಿಧಿ ಮತ್ತು ಅದರಡಿ 1977ರಲ್ಲಿ ಮಾಡಿದ ಕಾರ್ಯ ನಿರ್ವಹಣಾ ನಿಯಮಗಳು ಇದಕ್ಕೆ ಆಧಾರ.

ಮಂತ್ರಿಯನ್ನು ಜನ ಕಳಿಸುತ್ತಾರೆ, ಜನವೇ ಇಳಿಸುತ್ತಾರೆ. ಕಾರ್ಯದರ್ಶಿ ಪರೀಕ್ಷೆ ಬರೆದು ಬಂದವರು. ಸರ್ಕಾರ ಬದಲಾದರೂ ಅವರು ಉಳಿಯುತ್ತಾರೆ. ತೀರ್ಮಾನ ಮಂತ್ರಿಯದು. ಆ ತೀರ್ಮಾನಕ್ಕೆ ಮೊದಲು ತನಗೆ ಸರಿ ಕಂಡದ್ದನ್ನು, ಅದು ಮಂತ್ರಿಗೆ ಇಷ್ಟವಾಗಲಿ ಬಿಡಲಿ, ಬರೆದಿಡುವುದು ಕಾರ್ಯದರ್ಶಿಯ ಕೆಲಸ. ಒಂದೇ ಹಾಳೆಯ ಮೇಲೆ ಈ ಎರಡು ಸಹಿಯೂ ಬೇರೆಬೇರೆಯಾಗಿ, ಸ್ಪಷ್ಟವಾಗಿ ಇರುವುದರಲ್ಲಿ ಪಾಲಾರಿನಂಥ ದೂರದ ಊರಿನ ರಕ್ಷಣೆ ಇದೆ ಎಂದು ನಾನು ನಂಬಿದ್ದೇನೆ.

ಈ ಎರಡು ಸಹಿ ಒಂದೇ ಕೈಯಲ್ಲಿದ್ದ ಕಾಲವನ್ನು ಯಳಂದೂರು ಚೆನ್ನಾಗಿ ಕಂಡಿದೆ. ಚಿಕ್ಕದೇವರಾಜ ಒಡೆಯರ ಮಂತ್ರಿ ವಿಶಾಲಾಕ್ಷ ಪಂಡಿತ ಇದೇ ಊರಿನ ಜೈನ. 1673ರಲ್ಲಿ ದೊರೆ ಪಟ್ಟಕ್ಕೆ ಬಂದಾಗಿನಿಂದ ಬಲಗೈಯಂತಿದ್ದ ಪಂಡಿತ 1686ರಲ್ಲಿ ಕೊಲೆಯಾದ. ತೆರಿಗೆಯ ವಿರುದ್ಧ ಎದ್ದ ಜನರನ್ನು ಹೊಸಕಿ ಹಾಕಿದ್ದಕ್ಕೆ ಅವನ ಸಲಹೆಯೇ ಕಾರಣ ಎಂಬ ಸಿಟ್ಟು ಆಗ ಇತ್ತೆಂದು ಇತಿಹಾಸಕಾರ ಮಾರ್ಕ್ ವಿಲ್ಕ್ಸ್ ಬರೆಯುತ್ತಾನೆ. ಆಜ್ಞೆ ಯಾರದು, ಸಲಹೆ ಯಾರದು ಎಂದು ತಿಳಿಯುವ ದಾರಿ ರೈತನಿಗೆ ಇರಲಿಲ್ಲ. ಮುಂದೆ ಚಿಕ್ಕದೇವರಾಜರು ಆಡಳಿತವನ್ನು ಹದಿನೆಂಟು ಇಲಾಖೆಗಳಾಗಿ ಹಂಚಿದರು. ಬೆಂಗಳೂರಿನಲ್ಲಿ ಇಂದು ಹೈಕೋರ್ಟ್ ಇರುವ ಅಠಾರ ಕಚೇರಿ ಅಂಥ ಹದಿನೆಂಟು ಇಲಾಖೆಗಳಿಗೆಂದೇ 1868ರಲ್ಲಿ ಎದ್ದ ಕಟ್ಟಡ.

ನೂರು ವರ್ಷ ಕಳೆದ ಮೇಲೆ ಬಂದವರು ಪೂರ್ಣಯ್ಯ. ಹೈದರನ ಬಳಿ, ಟಿಪ್ಪುವಿನ ಬಳಿ ಲೆಕ್ಕ ಮತ್ತು ಖಜಾನೆ ನೋಡಿಕೊಂಡವರು. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದ ಮೇಲೆ ಕಂಪನಿಯವರು ಅವರನ್ನೇ ಮೈಸೂರಿನ ದಿವಾನರನ್ನಾಗಿ ಮಾಡಿದರು. ಮೂವರು ದೊರೆಗಳ ಕೈಕೆಳಗೆ ಒಬ್ಬನೇ ಅಧಿಕಾರಿ. ರಾಜ ಬದಲಾದರೂ ಆಡಳಿತ ಬಲ್ಲವನು ಉಳಿಯಬೇಕೆಂಬ ಮಾತು ಇಲ್ಲಿ ಪುಸ್ತಕದಿಂದ ಬಂದದ್ದಲ್ಲ, ಪೂರ್ಣಯ್ಯನವರು ಅದನ್ನು ಬಾಳಿ ತೋರಿಸಿದರು. ಮುಮ್ಮಡಿ ಕೃಷ್ಣರಾಜ ಒಡೆಯರು ಆಗ ಐದು ವರ್ಷದ ಮಗು. ಕಂದಾಯ, ನ್ಯಾಯ, ಸೈನ್ಯ, ಕಾಲುವೆ ಎಲ್ಲಕ್ಕೂ ದಿವಾನರೇ ಸಲಹೆಗಾರ, ದಿವಾನರೇ ತೀರ್ಮಾನಕಾರ. ಮೇಲೆ ಕಂಪನಿಯ ರೆಸಿಡೆಂಟ್ ಒಬ್ಬನ ಕಣ್ಣು. ಆ ರೆಸಿಡೆಂಟರಲ್ಲಿ ಒಬ್ಬ ಮೇಲೆ ಹೇಳಿದ ವಿಲ್ಕ್ಸ್. 1807ರಲ್ಲಿ ಪೂರ್ಣಯ್ಯನವರಿಗೂ ಅವರ ವಂಶಕ್ಕೂ ಯಳಂದೂರು ಜಹಗೀರಾಗಿ ಬಂತು. ಜಹಗೀರ್ದಾರರ ಬಂಗಲೆ ಈಗಲೂ ಊರಿನಲ್ಲಿದೆ. 1811ರಲ್ಲಿ ಅವರು ಅಧಿಕಾರ ಬಿಟ್ಟಾಗ ಖಜಾನೆ ತುಂಬಿತ್ತು, ಇಪ್ಪತ್ತು ವರ್ಷದಲ್ಲಿ ಅದು ಬರಿದಾಗಿ ನಗರ ಸೀಮೆಯ ರೈತರು ದಂಗೆ ಎದ್ದರು. 1831ರಲ್ಲಿ ಬ್ರಿಟಿಷರು ಆಡಳಿತವನ್ನೇ ಕಸಿದುಕೊಂಡರು. ಒಬ್ಬ ಸಮರ್ಥನ ಮೇಲೆ ನಿಂತ ವ್ಯವಸ್ಥೆ ಅವನ ಹಿಂದೆಯೇ ಕುಸಿಯಿತು.

ಇದೇ ವಂಶದ ಪಿ.ಎನ್. ಕೃಷ್ಣಮೂರ್ತಿ 1901ರಿಂದ 1906ರವರೆಗೆ ಮೈಸೂರಿನ ದಿವಾನರಾಗಿದ್ದರು. ಅವರಿಗೆ ಕುರ್ಚಿ ಬಂದದ್ದು ಮನೆತನದ ಹೆಸರಿನಿಂದಷ್ಟೇ ಅಲ್ಲ. ಕೆಳಗಿನ ಹುದ್ದೆಯಿಂದ ಏರಿ, ಮುಖ್ಯ ನ್ಯಾಯಾಲಯದ ನ್ಯಾಯಾಧೀಶರಾಗಿ ಪಳಗಿದವರು ಅವರು. 1902ರಲ್ಲಿ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ವಿದ್ಯುತ್ ಹರಿದಾಗ, 1905ರಲ್ಲಿ ಬೆಂಗಳೂರಿನ ಬೀದಿ ದೀಪ ಉರಿದಾಗ ದಿವಾನರಾಗಿದ್ದವರು ಯಳಂದೂರಿನ ಈ ಜಹಗೀರ್ದಾರರು. ಯೋಜನೆಯನ್ನು ಹಿಡಿದು ನಿಂತವರು ಅವರಿಗಿಂತ ಮೊದಲು ದಿವಾನರಾಗಿದ್ದ ಶೇಷಾದ್ರಿ ಅಯ್ಯರ್, ಅದನ್ನು ರೂಪಿಸಿದವರು ಎಂಜಿನಿಯರ್ ಜೋಲಿ ಡಿ ಲಾಟ್ಬಿನಿಯೇರ್. ದಿವಾನರು ಬದಲಾದರೂ ಕೆಲಸ ನಿಲ್ಲಲಿಲ್ಲ.

ಶಿವನಸಮುದ್ರದ ಹೊಳೆಯ ಒಂದು ದಡ ಮೈಸೂರಿನದು. ಇನ್ನೊಂದು ದಡದ ಕೊಳ್ಳೇಗಾಲ 1799ರಿಂದ ಕಂಪನಿಗೆ ಸೇರಿ, ಕೊಯಮತ್ತೂರು ಜಿಲ್ಲೆಯ ತಾಲ್ಲೂಕಾಗಿ, 1956ರ ನವೆಂಬರ್ 1ರವರೆಗೂ ಮದ್ರಾಸಿನ ಅಡಿಯಲ್ಲೇ ಇತ್ತು. ಹನೂರು, ಬೆಟ್ಟ, ಪಾಲಾರ್ ಎಲ್ಲವೂ ಆ ಪಾಲಿಗೆ. ಯಳಂದೂರಿನವರಿಗೆ ದಿವಾನರಿದ್ದರೆ, ಕೂಗಳತೆಯ ಕೊಳ್ಳೇಗಾಲದವರಿಗೆ ಇದ್ದದ್ದು ಕಲೆಕ್ಟರ್. ಕಲೆಕ್ಟರನ ಮೇಲೆ ಮದ್ರಾಸಿನ ರೆವಿನ್ಯೂ ಬೋರ್ಡು, ಅದರ ಮೇಲೆ ಗವರ್ನರ್, ಕಲ್ಕತ್ತೆಯಲ್ಲಿ ವೈಸರಾಯ್, ಎಲ್ಲರ ಮೇಲೆ ಲಂಡನ್ನಿನ ಇಂಡಿಯಾ ಆಫೀಸು. 1858ರಿಂದ ಕೊಳ್ಳೇಗಾಲದ ನಿಜವಾದ ಮಂತ್ರಿ ಬ್ರಿಟಿಷ್ ಪಾರ್ಲಿಮೆಂಟಿನ ಒಬ್ಬ ಸದಸ್ಯ. ಭಾರತ ಸಚಿವ ಎಂಬ ಪದವಿ ಅವನದು. ಪಕ್ಷ ಸೋತಾಗ ಅವನು ಹೋಗುತ್ತಿದ್ದ, ಅವನ ಕೈಕೆಳಗಿನ ಕಾಯಂ ಕಾರ್ಯದರ್ಶಿ ಉಳಿಯುತ್ತಿದ್ದ. ಆ ಮಂತ್ರಿಯ ಸಂಬಳ 1919ರ ಕಾಯಿದೆ ಬರುವವರೆಗೂ ಭಾರತದ ಕಂದಾಯದಿಂದಲೇ ಹೋಗುತ್ತಿತ್ತು. ಹನೂರಿನ ರೈತ ಕಟ್ಟಿದ ಕಿಸ್ತಿನಲ್ಲೂ ಅದರ ಪಾಲಿತ್ತು, ಅವನಿಗೆ ಮತ ಮಾತ್ರ ಇರಲಿಲ್ಲ.

ಈ ಸಾಲಿನಲ್ಲಿ ನನ್ನನ್ನು ತುಂಬ ಹಿಡಿದು ನಿಲ್ಲಿಸುವವನು ಚಾರ್ಲ್ಸ್ ಟ್ರೆವೆಲಿಯನ್. ಕಂಪನಿಯ ನೌಕರನಾಗಿ ಭಾರತಕ್ಕೆ ಬಂದವನು ಆಮೇಲೆ ಲಂಡನ್ನಿನ ಖಜಾನೆ ಇಲಾಖೆಯ ಕಾಯಂ ಅಧಿಕಾರಿಯಾಗಿ ಹತ್ತೊಂಬತ್ತು ವರ್ಷ ಇದ್ದ. ಐರ್ಲೆಂಡಿನ ಆಲೂಗಡ್ಡೆ ಬರಗಾಲದಲ್ಲಿ ಪರಿಹಾರದ ಹಣವನ್ನು ಬಿಗಿಹಿಡಿದವನೆಂದು ಅಲ್ಲಿಯ ಜನ ಇಂದಿಗೂ ಅವನನ್ನು ಕ್ಷಮಿಸಿಲ್ಲ. ಜನರಿಗೆ ಕಾಣದ ಅಧಿಕಾರಿಯ ಕೈ ಎಷ್ಟು ಭಾರವಾಗಬಲ್ಲದು ಎಂಬುದಕ್ಕೆ ಅದೇ ಸಾಕ್ಷಿ. 1854ರಲ್ಲಿ ಅವನು ಮತ್ತು ಸ್ಟ್ಯಾಫರ್ಡ್ ನಾರ್ತ್‌ಕೋಟ್ ಸೇರಿ ಒಂದು ವರದಿ ಕೊಟ್ಟರು. ಸರ್ಕಾರಿ ನೌಕರಿ ದೊಡ್ಡವರ ಶಿಫಾರಸಿನಿಂದ ಸಿಗಬಾರದು, ಬಹಿರಂಗ ಪರೀಕ್ಷೆಯಿಂದ ಸಿಗಬೇಕು, ಬಡ್ತಿ ಅರ್ಹತೆಗೆ ಬರಬೇಕು ಎಂಬುದು ಅದರ ತಿರುಳು. ಬ್ರಿಟನ್ನಿನ ಆಡಳಿತ ಸೇವೆ ನಿಂತಿರುವುದು ಆ ವರದಿಯ ಮೇಲೆ.

ಇದೇ ಟ್ರೆವೆಲಿಯನ್ 1859ರಲ್ಲಿ ಮದ್ರಾಸಿನ ಗವರ್ನರ್ ಆಗಿ ಬಂದ. ಅಂದರೆ ಕೊಳ್ಳೇಗಾಲದ ಒಡೆಯನಾದ. ಮರುವರ್ಷ ಕಲ್ಕತ್ತೆಯಲ್ಲಿ ವೈಸರಾಯ್ ಮಂಡಳಿಯ ಹಣಕಾಸಿನ ಸದಸ್ಯ ಜೇಮ್ಸ್ ವಿಲ್ಸನ್ ಭಾರತಕ್ಕೆ ಮೊದಲ ಆದಾಯ ತೆರಿಗೆ ತಂದ. ಜನರ ಮೇಲೆ ಹೊಸ ಹೊರೆ ಹೊರಿಸುವ ಬದಲು ಖರ್ಚು ಇಳಿಸಿ ಎಂಬುದು ಟ್ರೆವೆಲಿಯನ್ ವಾದ. ಅದನ್ನು ಅವನು ಕಲ್ಕತ್ತೆಗೆ ಬರೆದ. ಅಷ್ಟಕ್ಕೇ ನಿಲ್ಲದೆ ತನ್ನ ವಿರೋಧದ ಟಿಪ್ಪಣಿಯನ್ನು ಪತ್ರಿಕೆಗೆ ಕೊಟ್ಟುಬಿಟ್ಟ. ಲಂಡನ್ ಅವನನ್ನು ವಾಪಸು ಕರೆಸಿಕೊಂಡಿತು. ಅಧಿಕಾರಿ ಹೇಗಿರಬೇಕೆಂದು ಬರೆದವನೇ, ಬರೆದ ಟಿಪ್ಪಣಿಯನ್ನು ಎಲ್ಲಿಡಬೇಕು ಎಂಬ ಪ್ರಶ್ನೆಯಲ್ಲಿ ಹುದ್ದೆ ಕಳೆದುಕೊಂಡ. ಅವನ ವಾದ ಬೀದಿಗೆ ಬಂದ ರೀತಿಯನ್ನು ಒಪ್ಪದವರೂ ಆ ವಾದವನ್ನು ಕಡೆಗಣಿಸಲಾಗಲಿಲ್ಲ. 1862ರಲ್ಲಿ ಅದೇ ಭಾರತ ಸರ್ಕಾರದ ಹಣಕಾಸಿನ ಸದಸ್ಯನಾಗಿ ಅವನು ಹಿಂದಿರುಗಿದ.

ಈ ಪ್ರಶ್ನೆಗೆ ಬ್ರಿಟನ್ ಇಂದು ಒಂದು ದಾರಿ ಮಾಡಿಕೊಂಡಿದೆ. ಅಲ್ಲಿ ಪ್ರತಿ ಇಲಾಖೆಯ ಕಾಯಂ ಕಾರ್ಯದರ್ಶಿಯೇ ಹಣಕ್ಕೆ ಉತ್ತರದಾಯಿ. ಮಂತ್ರಿ ಹೇಳಿದ ಖರ್ಚು ನಿಯಮಕ್ಕೆ ಹೊಂದುವುದಿಲ್ಲ ಅಥವಾ ಹಣಕ್ಕೆ ತಕ್ಕ ಫಲವಿಲ್ಲ ಎನಿಸಿದರೆ, ಲಿಖಿತ ನಿರ್ದೇಶನ ಕೊಡಿ ಎಂದು ಅವರು ಕೇಳಬಹುದು. ಮಂತ್ರಿ ಬರೆದುಕೊಟ್ಟರೆ ಕೆಲಸ ಮಾಡಲೇಬೇಕು, ಆದರೆ ಪತ್ರ ಲೆಕ್ಕ ಪರಿಶೋಧಕರಿಗೂ ಪಾರ್ಲಿಮೆಂಟಿನ ಸಮಿತಿಗೂ ಹೋಗುತ್ತದೆ. 2022ರ ಏಪ್ರಿಲ್‌ನಲ್ಲಿ ಆಶ್ರಯ ಕೋರಿ ಬಂದವರನ್ನು ರುವಾಂಡಾಕ್ಕೆ ಕಳಿಸುವ ಯೋಜನೆ ಬಂದಾಗ ಗೃಹ ಇಲಾಖೆಯ ಕಾರ್ಯದರ್ಶಿ ಮ್ಯಾಥ್ಯೂ ರೈಕ್ರಾಫ್ಟ್ ಹೀಗೆಯೇ ಕೇಳಿದರು. ಸಚಿವೆ ಪ್ರೀತಿ ಪಟೇಲ್ ಬರೆದುಕೊಟ್ಟರು. ಎರಡೂ ಪತ್ರ ಜನರ ಮುಂದೆ ಬಂದವು.

ನಮ್ಮಲ್ಲಿಯೂ ಇದರ ಬೀಜ ಇದೆ. ಮೇಲಧಿಕಾರಿಯ ಆದೇಶ ಸಾಮಾನ್ಯವಾಗಿ ಲಿಖಿತವಾಗಿರಬೇಕು, ಬಾಯಿಮಾತಿನಲ್ಲಿ ಬಂದರೆ ಬರಹದಲ್ಲಿ ಖಚಿತಪಡಿಸಿಕೊಳ್ಳಬೇಕು ಎಂದು ಐಎಎಸ್ ಅಧಿಕಾರಿಗಳಿಗೆ ಅನ್ವಯಿಸುವ 1968ರ ನಡತೆ ನಿಯಮಗಳು ಹೇಳುತ್ತವೆ. 2013ರ ಅಕ್ಟೋಬರ್ 31ರಂದು ಟಿ.ಎಸ್.ಆರ್. ಸುಬ್ರಮಣಿಯನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಒತ್ತಿ ಹೇಳಿ, ಅಧಿಕಾರಿಗಳಿಗೆ ಒಂದು ಜಾಗದಲ್ಲಿ ಕನಿಷ್ಠ ಅವಧಿ ಇರಬೇಕು ಎಂದಿತು. ಕಾರಣ ಸರಳ. ಇಷ್ಟವಾಗದ ಟಿಪ್ಪಣಿ ಬರೆದವರಿಗೆ ಮರುವಾರ ವರ್ಗಾವಣೆ ಬಂದರೆ ಇನ್ನೊಬ್ಬರು ಬರೆಯುವುದಿಲ್ಲ.

ಬರೆಯದಿದ್ದರೆ ಏನಾಗುತ್ತದೆ ಎಂಬುದನ್ನು ಹನೂರಿನ ಕಾಡು ಕಂಡಿದೆ. 1992ರ ಆಗಸ್ಟ್ 14ರಂದು ಮೀಣ್ಯಂ ಬಳಿ ಕಾಡುಗಳ್ಳ ವೀರಪ್ಪನ್ ತಂಡ ಎಸ್‌ಪಿ ಹರಿಕೃಷ್ಣ, ಎಸ್‌ಐ ಶಕೀಲ್ ಅಹಮದ್ ಮತ್ತು ಅವರ ಜೊತೆಗಿದ್ದ ಪೊಲೀಸರನ್ನು ಕೊಂದಿತು. 1993ರ ಏಪ್ರಿಲ್ 9ರಂದು ಪಾಲಾರಿನಲ್ಲಿ ನೆಲಬಾಂಬು ಸಿಡಿದು 22 ಜನ ಸತ್ತರು. 2000ದ ಜುಲೈ 30ರಂದು ಗಾಜನೂರಿನಿಂದ ನಟ ಡಾ. ರಾಜ್‌ಕುಮಾರ್ ಅವರನ್ನು ಒಯ್ದಾಗ ವೀರಪ್ಪನ್ ಕೇಳಿದ್ದರಲ್ಲಿ, ಇಂಥ ದಾಳಿಗಳ ಆರೋಪದಲ್ಲಿ ಭಯೋತ್ಪಾದನೆ ತಡೆ ಕಾಯಿದೆಯಾದ ಟಾಡಾದಡಿ ಸೆರೆಯಲ್ಲಿದ್ದ ಕೈದಿಗಳ ಬಿಡುಗಡೆಯೂ ಒಂದು. ರಾಜ್ಯ ಸರ್ಕಾರ ಅವರ ಮೇಲಿನ ಟಾಡಾ ಆರೋಪಗಳನ್ನು ಹಿಂದಕ್ಕೆ ಪಡೆಯಲು ಹೊರಟಿತು. ನಾಡೇ ಉಸಿರು ಬಿಗಿಹಿಡಿದಿದ್ದ ಆ ದಿನಗಳಲ್ಲಿ ಸರ್ಕಾರದ ಸಂಕಟ ಸುಳ್ಳಲ್ಲ. ಆದರೆ ಮೀಣ್ಯಂನಲ್ಲಿ ಮಗನನ್ನು ಕಳೆದುಕೊಂಡ ಒಬ್ಬ ತಂದೆ ಸುಪ್ರೀಂ ಕೋರ್ಟಿಗೆ ಹೋದರು. ನವೆಂಬರ್ 7ರಂದು ನ್ಯಾಯಾಲಯ ಕೈದಿಗಳ ಬಿಡುಗಡೆಗೆ ದಾರಿ ಮುಚ್ಚಿತು. ಆರೋಪ ಕೈಬಿಡುವ ಮುನ್ನ ಸರ್ಕಾರಿ ಅಭಿಯೋಜಕರು ಎಲ್ಲ ಸಂಗತಿ ಮುಂದಿಟ್ಟುಕೊಂಡು ಸ್ವಂತ ವಿವೇಚನೆ ಮಾಡಬೇಕಿತ್ತು, ಅದು ಆಗಿಲ್ಲ ಎಂಬುದು ತೀರ್ಪಿನ ಮುಖ್ಯ ಮಾತು. ಎಂಟು ದಿನದ ಮೇಲೆ, ನೂರ ಎಂಟನೆಯ ದಿನ, ರಾಜ್‌ಕುಮಾರ್ ಮನೆಗೆ ಬಂದರು. ಎಂಥ ತುರ್ತಿನಲ್ಲೂ ತೀರ್ಮಾನದ ಹಿಂದೆ ಯಾರೋ ಒಬ್ಬರು ಕೂತು ವಿಚಾರ ಮಾಡಿದ್ದು ಕಾಗದದಲ್ಲಿ ಕಾಣಬೇಕು ಎಂಬ ಆ ತಂದೆಯ ಹಟವನ್ನು ನಾನು ಗೌರವದಿಂದ ನೆನೆಯುತ್ತೇನೆ.

ಇನ್ನು ಪೋಡಿನ ರಸ್ತೆಯ ಮಾತು. 2006ರ ಅರಣ್ಯ ಹಕ್ಕು ಕಾಯಿದೆಯಡಿ ರಸ್ತೆ, ಶಾಲೆ, ಅಂಗನವಾಡಿ, ಕುಡಿಯುವ ನೀರು ಮುಂತಾದ ಹದಿಮೂರು ಬಗೆಯ ಕೆಲಸಕ್ಕೆ ಒಂದು ಹೆಕ್ಟೇರಿಗಿಂತ ಕಡಿಮೆ ಅರಣ್ಯ ಭೂಮಿ ಬಿಡಬಹುದು. ಹೆಕ್ಟೇರಿಗೆ 75 ಮರಕ್ಕಿಂತ ಹೆಚ್ಚು ಕಡಿಯುವಂತಿಲ್ಲ, ಗ್ರಾಮಸಭೆಯ ಶಿಫಾರಸು ಬೇಕು. ಇಷ್ಟಕ್ಕೆ ಫೈಲು ಬೆಂಗಳೂರಿಗೆ ಹೋಗಬೇಕಾಗಿಲ್ಲ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು ಇದೇ ಕಾಯಿದೆಯಡಿ 2011ರಲ್ಲಿ ಸಮುದಾಯ ಹಕ್ಕು ಪಡೆದರು. ಹುಲಿ ಸಂರಕ್ಷಿತ ಪ್ರದೇಶದೊಳಗೆ ಅಂಥ ಹಕ್ಕು ಸಿಕ್ಕಿದ್ದು ದೇಶದಲ್ಲಿ ಅದೇ ಮೊದಲು. ಇಂಥ ಹಕ್ಕು ಕೇಳುವಾಗ ಗ್ರಾಮಸಭೆಯ ಠರಾವು ಉಪವಿಭಾಗ ಸಮಿತಿಗೆ, ಅಲ್ಲಿಂದ ಜಿಲ್ಲಾಧಿಕಾರಿಯ ಸಮಿತಿಗೆ ಹೋಗುವುದು ಕ್ರಮ. ಅರಣ್ಯ ಇಲಾಖೆ ಒಂದು ಹೇಳಿ, ಸಮಾಜ ಕಲ್ಯಾಣ ಇನ್ನೊಂದು ಹೇಳಿದರೆ ಆ ಎರಡೂ ಮಾತು ಕಡತದಲ್ಲಿ ಉಳಿಯುತ್ತವೆ.

ಆ ಕಡತವನ್ನು ನೋಡುವ ಹಕ್ಕು ಪಾಲಾರಿನವರಿಗೂ ಇದೆ. ಟಿಪ್ಪಣಿ ಹಾಳೆಯೂ ಮಾಹಿತಿಯೇ ಎಂದು ಕೇಂದ್ರ ಮಾಹಿತಿ ಆಯೋಗ 2006ರ ಜನವರಿಯಲ್ಲೇ ಹೇಳಿದೆ. ಸಂಪುಟದ ಮುಂದೆ ಹೋದ ವಿಷಯವಾದರೆ, ತೀರ್ಮಾನವಾಗಿ ಕೆಲಸ ಮುಗಿದ ಮೇಲೆ ಅದರ ಕಾರಣಗಳನ್ನೂ ಆಧಾರಗಳನ್ನೂ ಕೊಡಬೇಕೆಂದು ಮಾಹಿತಿ ಹಕ್ಕು ಕಾಯಿದೆಯೇ ಹೇಳುತ್ತದೆ. ಅರ್ಜಿಗೆ ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನದ ಗಡುವು. ಬಿಪಿಎಲ್ ಕುಟುಂಬದವರಿಗೆ ಶುಲ್ಕವಿಲ್ಲ. ಅರ್ಜಿಯಲ್ಲಿ ಆದೇಶದ ಪ್ರತಿ ಮಾತ್ರ ಕೇಳಿದರೆ ರಾಜ್ಯಪಾಲರ ಹೆಸರೂ ಅಧೀನ ಕಾರ್ಯದರ್ಶಿಯ ಸಹಿಯೂ ಬರುತ್ತವೆ. ಯಾರು ಬೇಕೆಂದರು, ಯಾರು ಬೇಡವೆಂದರು, ಯಾವ ಕಂಡಿಕೆಗೆ ಮಂತ್ರಿ ಸಹಿ ಹಾಕಿದರು ಎಂದು ತಿಳಿಯಬೇಕಾದರೆ ‘ಟಿಪ್ಪಣಿ ಹಾಳೆಗಳ ಪ್ರತಿಯನ್ನೂ ಕೊಡಿ’ ಎಂದು ಸೇರಿಸಿ ಬರೆಯಬೇಕು.